ಲಿಮಿಟ್ ಜೊತೆಗೇ ಬದಲಾಗಲಿ: ನಿಶ್ಚಿತ ಅನುಕಲಗಳಲ್ಲಿ ತ್ರಿಕೋನಮಿತಿಯ ಆದೇಶ

ದ್ವಿತೀಯ ಪಿಯುಸಿ ಓದುವ ಹುಡುಗಿಯೊಬ್ಬಳು ನೋಟ್‌ಬುಕ್ ತಂದು ನನ್ನ ಮುಂದಿಟ್ಟಳು. “ಮೇಡಂ, ವಿಸ್ತೀರ್ಣ ಮೈನಸ್ ಬರ್ತಿದೆ. ಮೂರು ಸಲ ಮಾಡಿದೆ, ಮೂರು ಸಲಾನೂ ಅದೇ.” ಒಂದೂವರೆ ಪುಟದ ಲೆಕ್ಕ. ಆದೇಶ, ಅಂದರೆ ಎಕ್ಸ್ ಜಾಗದಲ್ಲಿ ಬೇರೆ ಚರ ಇಡುವ ಸಬ್‌ಸ್ಟಿಟ್ಯೂಶನ್, ಸರಿ ಇತ್ತು. ಸೂತ್ರ ಸರಿ ಇತ್ತು. ಕೂಡಿಸಿದ್ದು, ಕಳೆದಿದ್ದು ಎಲ್ಲ ಸರಿ. ಒಂದೇ ಒಂದು ಸಾಲಿನಲ್ಲಿ 0 ಬರೆಯಬೇಕಾದ ಕಡೆ ಪೈ ಬರೆದಿದ್ದಳು. ಅದು ಯಾಕೆ ಅಷ್ಟು ದೊಡ್ಡ ವ್ಯತ್ಯಾಸ ಮಾಡಿತು ಅನ್ನೋದನ್ನು ಮುಂದೆ ಅವಳ ಲೆಕ್ಕವನ್ನೇ ತೆಗೆದುಕೊಂಡು ತೋರಿಸುತ್ತೇನೆ.

ಬರವಣಿಗೆಯ ಬಗ್ಗೆ ಮೊದಲೇ ಒಂದು ಮಾತು. ಇಲ್ಲಿ ಎಲ್ಲವನ್ನೂ ಕನ್ನಡ ಅಕ್ಷರದಲ್ಲೇ ಬರೆದಿದ್ದೇನೆ. ∫[0 ರಿಂದ 3] ಅಂದರೆ ಕೆಳಗಿನ ಲಿಮಿಟ್ 0, ಮೇಲಿನದು 3. ನಿಮ್ಮ ನೋಟ್‌ಬುಕ್‌ನಲ್ಲಿ ರೂಢಿಯ ಚಿಹ್ನೆಗಳನ್ನೇ ಬಳಸಿ. ಪೆನ್ನು ಹಿಡಿದುಕೊಂಡೇ ಓದಿ. ಸುಮ್ನೆ ಕಣ್ಣಾಡಿಸಿದರೆ ಇದು ಕೈಗೆ ಹತ್ತುವುದಿಲ್ಲ.

ಮನೆ ಬದಲಿಸಿದರೆ ಸಾಮಾನೆಲ್ಲ ಬರಬೇಕು

ಲಿಮಿಟ್ ಇಲ್ಲದ ಇಂಟಿಗ್ರಲ್‌ನಲ್ಲಿ ಎಕ್ಸ್ ಬಿಟ್ಟು ಥೀಟಾಗೆ ಹೋಗುತ್ತೇವೆ, ಕೆಲಸ ಮುಗಿಸುತ್ತೇವೆ, ಮತ್ತೆ ಎಕ್ಸ್‌ಗೆ ವಾಪಸ್ ಬರುತ್ತೇವೆ. ಉತ್ತರ ಎಕ್ಸ್‌ನಲ್ಲೇ ಇರಬೇಕಲ್ಲ, ಅದಕ್ಕೆ. ನಿಶ್ಚಿತ ಅನುಕಲದಲ್ಲಿ, ಅಂದರೆ ಲಿಮಿಟ್ ಇರುವ ಇಂಟಿಗ್ರಲ್‌ನಲ್ಲಿ, ಉತ್ತರ ಬರೀ ಒಂದು ಸಂಖ್ಯೆ. ಆ ಸಂಖ್ಯೆ ಎಕ್ಸ್‌ನಿಂದ ಬಂತೋ ಥೀಟಾದಿಂದ ಬಂತೋ ಯಾರೂ ಕೇಳುವುದಿಲ್ಲ. ಹಾಗಾಗಿ ಲಿಮಿಟ್‌ಗಳನ್ನೂ ಥೀಟಾಗೆ ಬದಲಿಸಿಕೊಂಡರೆ ವಾಪಸ್ ಬರುವ ದಾರಿಯೇ ಬೇಡ.

ಇದು ಮನೆ ಬದಲಿಸಿದ ಹಾಗೆ. ಸಾಗಿಸಬೇಕಾದ ಸಾಮಾನು ಮೂರು: ಒಳಗಿರುವ ಫಂಕ್ಷನ್, ಡಿಎಕ್ಸ್, ಎರಡು ಲಿಮಿಟ್‌ಗಳು. ಫಂಕ್ಷನ್ ಎಲ್ಲರೂ ಸಾಗಿಸುತ್ತಾರೆ. ಡಿಎಕ್ಸ್ ಕೆಲವರು ಮರೆಯುತ್ತಾರೆ. ಲಿಮಿಟ್ ಜಾಸ್ತಿ ಜನ ಹಳೇ ಮನೆಯಲ್ಲೇ ಬಿಟ್ಟು ಬರುತ್ತಾರೆ, ಆಮೇಲೆ ಥೀಟಾ ಇರುವ ಉತ್ತರಕ್ಕೆ ಎಕ್ಸ್‌ನ ಲಿಮಿಟ್ ಹಾಕಿಬಿಡುತ್ತಾರೆ.

ಶುರು ಮಾಡುವ ಮುಂಚೆ: ಇದು ಬೇಕೇ ಬೇಕಾ?

ವರ್ಗಮೂಲ ಕಂಡ ತಕ್ಷಣ ಸೈನ್ ಹಾಕಬೇಡಿ. ಈ ಲೆಕ್ಕ ನೋಡಿ:

∫[0 ರಿಂದ 3] ಎಕ್ಸ್ √(9 − ಎಕ್ಸ್²) ಡಿಎಕ್ಸ್

ಹೊರಗೆ ಒಂಟಿ ಎಕ್ಸ್ ನಿಂತಿದೆ. 9 − ಎಕ್ಸ್² ಅನ್ನು ಡಿಫರೆನ್ಶಿಯೇಟ್ ಮಾಡಿದರೆ −2 ಎಕ್ಸ್ ಬರುತ್ತದೆ. ಅಂದಮೇಲೆ 9 − ಎಕ್ಸ್² = ಯು ಅಂತ ಇಟ್ಟರೆ ಸಾಕು. ಎಕ್ಸ್ 0 ಆದಾಗ ಯು 9, ಎಕ್ಸ್ 3 ಆದಾಗ ಯು 0. ಮೈನಸ್ ಚಿಹ್ನೆಯಿಂದ ಲಿಮಿಟ್ ತಿರುಗಿಸಿದರೆ (1/2) ∫[0 ರಿಂದ 9] √ಯು ಡಿಯು. ಉತ್ತರ 9. ಎರಡು ಸಾಲಿನ ಕೆಲಸ.

ಹಾಗೆ ಸಹಾಯಕ್ಕೆ ಯಾರೂ ಇಲ್ಲದೆ √(9 − ಎಕ್ಸ್²) ಒಂದೇ ನಿಂತಿದ್ದರೆ ಆಗ ತ್ರಿಕೋನಮಿತಿ ಬೇಕು.

ಯಾವುದಕ್ಕೆ ಯಾವುದು: ತ್ರಿಭುಜ ಬರೆಯಿರಿ

ಮೂರು ರೂಪಗಳಿವೆ. ಇವನ್ನು ಬಾಯಿಪಾಠ ಮಾಡುವ ಬದಲು ಒಂದು ಲಂಬಕೋನ ತ್ರಿಭುಜ ಬರೆದುಕೊಳ್ಳಿ. ಪೈಥಾಗೊರಸ್ ಪ್ರಮೇಯ ಉಳಿದದ್ದನ್ನು ತಾನೇ ಹೇಳುತ್ತದೆ.

ಎ² − ಎಕ್ಸ್² ಇದ್ದರೆ, ಯಾವುದರಿಂದ ಕಳೆಯುತ್ತಿದ್ದೇವೋ ಅದು ವಿಕರ್ಣ. ಅಂದರೆ ಎ ವಿಕರ್ಣ, ಎಕ್ಸ್ ಒಂದು ಬಾಹು. ಎಕ್ಸ್ = ಎ ಸೈನ್ ಥೀಟಾ. ವರ್ಗಮೂಲ ಎ ಕಾಸ್ ಥೀಟಾ ಆಗುತ್ತದೆ. ಥೀಟಾ −ಪೈ/2 ಇಂದ ಪೈ/2 ಒಳಗಿರಬೇಕು.

ಎ² + ಎಕ್ಸ್² ಇದ್ದರೆ ಎ, ಎಕ್ಸ್ ಎರಡೂ ಬಾಹುಗಳು, ವರ್ಗಮೂಲವೇ ವಿಕರ್ಣ. ಎಕ್ಸ್ = ಎ ಟ್ಯಾನ್ ಥೀಟಾ. ವರ್ಗಮೂಲ ಎ ಸೆಕ್ ಥೀಟಾ. ಇಲ್ಲೂ ಥೀಟಾ −ಪೈ/2 ಮತ್ತು ಪೈ/2 ನಡುವೆ.

ಎಕ್ಸ್² − ಎ² ಇದ್ದರೆ ಎಕ್ಸ್ ವಿಕರ್ಣ. ಎಕ್ಸ್ = ಎ ಸೆಕ್ ಥೀಟಾ. ಎಕ್ಸ್ ಧನಾತ್ಮಕವಾಗಿದ್ದರೆ ಥೀಟಾ 0 ಇಂದ ಪೈ/2 ಒಳಗೆ, ವರ್ಗಮೂಲ ಎ ಟ್ಯಾನ್ ಥೀಟಾ. ಎಕ್ಸ್ ಋಣಾತ್ಮಕವಾಗಿದ್ದರೆ ಬೇರೆ ಕಥೆ, ಅದಕ್ಕೆ ಆಮೇಲೆ ಬರೋಣ.

ಥೀಟಾ ಎಲ್ಲಿಂದ ಎಲ್ಲಿಯವರೆಗೆ ಅನ್ನೋ ಮಾತನ್ನು ಓದಿ ಮುಂದೆ ಹೋಗಿಬಿಡುತ್ತೇವೆ. ಆ ಹುಡುಗಿಯ ಮೈನಸ್ ಹುಟ್ಟಿದ್ದು ಅಲ್ಲಿಂದಲೇ.

ಅವಳ ಲೆಕ್ಕ, ಹಂತ ಹಂತವಾಗಿ

∫[0 ರಿಂದ 3] √(9 − ಎಕ್ಸ್²) ಡಿಎಕ್ಸ್

ಒಂದನೇ ಹಂತ, ಆದೇಶ. ಎಕ್ಸ್ = 3 ಸೈನ್ ಥೀಟಾ.

ಎರಡನೇ ಹಂತ, ಡಿಎಕ್ಸ್. ಡಿಎಕ್ಸ್ = 3 ಕಾಸ್ ಥೀಟಾ ಡಿಥೀಟಾ. ಇದನ್ನು ಆದೇಶದ ಕೆಳಗೇ ಬರೆದುಬಿಡಿ, ಆಮೇಲೆ ಅಂತ ಬಿಡಬೇಡಿ.

ಮೂರನೇ ಹಂತ, ಲಿಮಿಟ್. ನಾನು ಇದಕ್ಕೆ ಪುಟದ ಬಲಗಡೆ ಒಂದು ಪುಟ್ಟ ಚೌಕ ಹಾಕಿಸುತ್ತೇನೆ.

ಎಕ್ಸ್ = 0 ಆದರೆ ಸೈನ್ ಥೀಟಾ = 0, ಥೀಟಾ = 0
ಎಕ್ಸ್ = 3 ಆದರೆ ಸೈನ್ ಥೀಟಾ = 1, ಥೀಟಾ = ಪೈ/2

ನಾಲ್ಕನೇ ಹಂತ, ವರ್ಗಮೂಲ. √(9 − 9 ಸೈನ್² ಥೀಟಾ) = √(9 ಕಾಸ್² ಥೀಟಾ) = 3 |ಕಾಸ್ ಥೀಟಾ|. ಆ ಎರಡು ನಿಂತ ಗೆರೆಗಳನ್ನು ದಯವಿಟ್ಟು ಒಂದು ಸಲ ಬರೆಯಿರಿ. ಆಮೇಲೆ ಲಿಮಿಟ್ ನೋಡಿ: ಥೀಟಾ 0 ಇಂದ ಪೈ/2, ಅಲ್ಲಿ ಕಾಸ್ ಋಣಾತ್ಮಕ ಆಗುವುದಿಲ್ಲ. ಈಗ ಗೆರೆ ತೆಗೆದು 3 ಕಾಸ್ ಥೀಟಾ ಅಂತ ಬರೆಯಬಹುದು.

ಐದನೇ ಹಂತ, ಹೊಸ ಇಂಟಿಗ್ರಲ್:

∫[0 ರಿಂದ ಪೈ/2] 3 ಕಾಸ್ ಥೀಟಾ · 3 ಕಾಸ್ ಥೀಟಾ ಡಿಥೀಟಾ = 9 ∫[0 ರಿಂದ ಪೈ/2] ಕಾಸ್² ಥೀಟಾ ಡಿಥೀಟಾ

ಕಾಸ್² ಥೀಟಾ = (1 + ಕಾಸ್ 2ಥೀಟಾ)/2 ಅಂತ ಒಡೆದರೆ (9/2) [ಥೀಟಾ + (ಸೈನ್ 2ಥೀಟಾ)/2]. ಲಿಮಿಟ್ ಹಾಕಿದರೆ (9/2)(ಪೈ/2) = 9 ಪೈ/4. ಸುಮಾರು 7.07.

ತಾಳೆ ನೋಡೋಣ. ಇದು ತ್ರಿಜ್ಯ 3 ಇರುವ ವೃತ್ತದ ಕಾಲು ಭಾಗ. ಇಡೀ ವೃತ್ತ 9 ಪೈ, ಅದರ ಕಾಲು 9 ಪೈ/4. ಸರಿ ಇದೆ.

ಆ ಹುಡುಗಿ ಚೌಕದಲ್ಲಿ ಏನು ಬರೆದಿದ್ದಳು? ಎಕ್ಸ್ = 0 ಆದಾಗ ಥೀಟಾ = ಪೈ. “ಸೈನ್ ಪೈ ಕೂಡ ಸೊನ್ನೆನೇ ಅಲ್ವಾ ಮೇಡಂ?” ಹೌದು, ಸೊನ್ನೆಯೇ. ಆದರೆ ಆಗ ಥೀಟಾ ಪೈ ಇಂದ ಪೈ/2ಗೆ ಓಡುತ್ತದೆ. ಅದು ಎರಡನೇ ಚತುರ್ಥಕ, ಅಲ್ಲಿ ಕಾಸ್ ಋಣಾತ್ಮಕ. ವರ್ಗಮೂಲ −3 ಕಾಸ್ ಥೀಟಾ ಆಗಬೇಕಿತ್ತು, ಅವಳು 3 ಕಾಸ್ ಥೀಟಾ ಅಂತಲೇ ಇಟ್ಟಿದ್ದಳು. −9 ಪೈ/4 ಬಂತು. ಅವಳು ಆ ಒಂದು ಮೈನಸ್ ಸೇರಿಸಿ ಮತ್ತೆ ಮಾಡಿದಳು, ಸರಿಯಾದ ಉತ್ತರವೇ ಬಂತು. ಅಂದರೆ ಪೈ ಹಾಕುವುದೇ ತಪ್ಪು ಅಂತಲ್ಲ. ಪೈ ಹಾಕಿದರೆ ಕಾಸ್‌ನ ಚಿಹ್ನೆಯನ್ನೂ ಅದಕ್ಕೆ ತಕ್ಕಂತೆ ಇಡಬೇಕು. ಅಷ್ಟು ತಲೆನೋವು ಯಾಕೆ ಅಂತಲೇ −ಪೈ/2 ಇಂದ ಪೈ/2 ಒಳಗೆ ಇರಿ ಅನ್ನೋದು.

ಒಂದು ಪಟ್ಟಿಯೊಳಗೆ ಎರಡು ಆಕಾರ

ಕಾಲು ವೃತ್ತಕ್ಕಾದರೆ ಇಂಟಿಗ್ರಲ್ಲೇ ಬೇಡ, ಸೂತ್ರ ಸಾಕು. ಆದರೆ ಇದು?

∫[0 ರಿಂದ 2] √(16 − ಎಕ್ಸ್²) ಡಿಎಕ್ಸ್

ಎಕ್ಸ್ = 4 ಸೈನ್ ಥೀಟಾ. ಎಕ್ಸ್ 0 ಆದಾಗ ಥೀಟಾ 0. ಎಕ್ಸ್ 2 ಆದಾಗ ಸೈನ್ ಥೀಟಾ 1/2, ಅಂದರೆ ಥೀಟಾ ಪೈ/6, ನಮ್ಮ 30 ಡಿಗ್ರಿ. ಹೊಸ ಇಂಟಿಗ್ರಲ್ 16 ∫[0 ರಿಂದ ಪೈ/6] ಕಾಸ್² ಥೀಟಾ ಡಿಥೀಟಾ. ಇದು 8 [ಥೀಟಾ + (ಸೈನ್ 2ಥೀಟಾ)/2]. ಲಿಮಿಟ್ ಹಾಕಿದರೆ 8 (ಪೈ/6 + √3/4) = 4 ಪೈ/3 + 2√3. ಸುಮಾರು 7.65.

ಇಲ್ಲಿ ಸ್ವಲ್ಪ ನಿಲ್ಲಿ. ಉತ್ತರದಲ್ಲಿ ಎರಡು ತುಂಡು ಯಾಕಿವೆ? ಚಿತ್ರ ಬರೆಯಿರಿ. ತ್ರಿಜ್ಯ 4 ಇರುವ ಕಾಲು ವೃತ್ತ. ಎಕ್ಸ್ = 2 ಹತ್ತಿರ ನೇರ ಗೆರೆ ಎಳೆಯಿರಿ, ಅದು ವೃತ್ತವನ್ನು 2√3 ಎತ್ತರದಲ್ಲಿ ಮುಟ್ಟುತ್ತದೆ. ಆ ಬಿಂದುವಿನಿಂದ ಕೇಂದ್ರಕ್ಕೆ ಇನ್ನೊಂದು ಗೆರೆ. ಈಗ ಪಟ್ಟಿ ಎರಡಾಯಿತು. ಕೆಳಗೆ ಒಂದು ಲಂಬಕೋನ ತ್ರಿಭುಜ: ಪಾದ 2, ಎತ್ತರ 2√3, ವಿಸ್ತೀರ್ಣ 2√3. ಮೇಲೆ ಒಂದು ತ್ರಿಜ್ಯಾಂತರ ಖಂಡ, ದೋಸೆಯನ್ನು ಕೇಂದ್ರದಿಂದ ಕತ್ತರಿಸಿದ ತುಂಡಿನ ಹಾಗೆ: ಕೋನ 30 ಡಿಗ್ರಿ, ವಿಸ್ತೀರ್ಣ (1/2)(16)(ಪೈ/6) = 4 ಪೈ/3.

ಪುಸ್ತಕದಲ್ಲಿ √(ಎ² − ಎಕ್ಸ್²)ಗೆ ಕೊಡುವ ಉದ್ದನೆಯ ಸೂತ್ರ ನೆನಪಿದೆಯಾ? (ಎಕ್ಸ್/2) √(ಎ² − ಎಕ್ಸ್²) ಒಂದು ತುಂಡು, (ಎ²/2) ಸೈನ್ ಇನ್ವರ್ಸ್ (ಎಕ್ಸ್/ಎ) ಇನ್ನೊಂದು. ಮೊದಲನೆಯದು ಆ ತ್ರಿಭುಜ, ಎರಡನೆಯದು ಆ ತ್ರಿಜ್ಯಾಂತರ ಖಂಡ. ಎಷ್ಟೋ ವರ್ಷ ಈ ಸೂತ್ರವನ್ನು ಬಾಯಿಪಾಠ ಮಾಡಿಸಿದ ಮೇಲೆ ಈ ಚಿತ್ರ ನನಗೆ ಕಂಡಿದ್ದು. ಅವತ್ತಿನಿಂದ ನಾನು ಸೂತ್ರಕ್ಕಿಂತ ಮೊದಲು ಚಿತ್ರ ಬರೆಸುತ್ತೇನೆ.

ಆ ಚಿತ್ರದಲ್ಲಿ ಪಾದವಾಗಿರುವ 2, ಅಂದರೆ 4 ಸೈನ್ 30°, ಹಳೆಯ ಲೆಕ್ಕದಲ್ಲಿ ಅರ್ಧಜ್ಯಾ. ವೃತ್ತದ ಕಂಸ ಬಿಲ್ಲು, ಜ್ಯಾ ಅಂದರೆ ಅದರ ಹೆದೆ. 499ರ ಸುಮಾರಿನ ಆರ್ಯಭಟೀಯದಲ್ಲಿ ಇದರ ಕೋಷ್ಟಕವೇ ಇದೆ. ಜ್ಯಾ, ಜೀವಾ ಅನ್ನುವ ಮಾತು ಅರಬ್ಬಿಗೆ ಹೋಗಿ ಜೀಬ ಆಯಿತು. ಅದನ್ನು ಬಟ್ಟೆಯ ಮಡಿಕೆ ಎಂಬ ಅರ್ಥದ ಜೈಬ್ ಅಂತ ಓದಿ ಲ್ಯಾಟಿನ್‌ನಲ್ಲಿ ಸೈನಸ್ ಅಂತ ಬರೆದರು. ನಾವೀಗ ಬರೆಯುವ ಸೈನ್ ಹೀಗೆ ಸುತ್ತಿಕೊಂಡು ಬಂದ ನಮ್ಮದೇ ಹೆದೆ.

ಟ್ಯಾನ್: ಅನಂತವೂ ಪೈ/2 ಒಳಗೆ

ಟ್ಯಾನ್ ಆದೇಶದಲ್ಲಿ ನನಗೆ ತುಂಬಾ ಇಷ್ಟವಾಗುವುದು ಅದು ಅನಂತವನ್ನು ನಡೆಸಿಕೊಳ್ಳುವ ರೀತಿ.

∫[0 ರಿಂದ ಅನಂತ] ಡಿಎಕ್ಸ್ / (ಎಕ್ಸ್² + 4)^(3/2)

ಎಕ್ಸ್ = 2 ಟ್ಯಾನ್ ಥೀಟಾ, ಡಿಎಕ್ಸ್ = 2 ಸೆಕ್² ಥೀಟಾ ಡಿಥೀಟಾ. ಎಕ್ಸ್ 0 ಆದಾಗ ಥೀಟಾ 0. ಎಕ್ಸ್ ಅನಂತದ ಕಡೆ ಹೋದಾಗ ಥೀಟಾ ಪೈ/2 ಕಡೆ ಹೋಗುತ್ತದೆ. ಕೆಳಗಿರುವುದು (4 ಸೆಕ್² ಥೀಟಾ)^(3/2) = 8 ಸೆಕ್³ ಥೀಟಾ. ಮೇಲೆ 2 ಸೆಕ್². ಹೊಡೆದುಹಾಕಿದರೆ ಉಳಿಯುವುದು:

(1/4) ∫[0 ರಿಂದ ಪೈ/2] ಕಾಸ್ ಥೀಟಾ ಡಿಥೀಟಾ = 1/4

ಭೌತಶಾಸ್ತ್ರ ಓದುವವರು ಇದನ್ನು ಗಮನಿಸಿ. ತುಂಬಾ ಉದ್ದನೆಯ ನೇರ ತಂತಿಯ ಮೇಲೆ ವಿದ್ಯುದಾವೇಶ ಸಮನಾಗಿ ಹರಡಿದೆ ಅಂದುಕೊಳ್ಳಿ. ತಂತಿಯಿಂದ ಡಿ ದೂರದಲ್ಲಿ ವಿದ್ಯುತ್ ಕ್ಷೇತ್ರ ಎಷ್ಟು ಅಂತ ಕೂಲಂಬ್ ನಿಯಮದಿಂದ ತುಂಡು ತುಂಡಾಗಿ ಕೂಡಿಸಿದರೆ ಬರುವುದು ಇದೇ ಇಂಟಿಗ್ರಲ್, 2ರ ಜಾಗದಲ್ಲಿ ಡಿ. ಎರಡೂ ಕಡೆಯ ಅನಂತ ಸೇರಿದರೆ ಆ ಇಂಟಿಗ್ರಲ್‌ನ ಉತ್ತರ 2/ಡಿ². ಅಲ್ಲಿ ಥೀಟಾ ಕೂಡ ಬರೀ ಕಾಗದದ ಮೇಲಿನ ಅಕ್ಷರವಲ್ಲ. ನೀವು ನಿಂತ ಜಾಗದಿಂದ ತಂತಿಗೆ ಎಳೆದ ಲಂಬಕ್ಕೂ ತಂತಿಯ ಆ ತುಂಡಿನ ಕಡೆಗಿನ ನೋಟಕ್ಕೂ ನಡುವಿನ ಕೋನ ಅದು. ತಂತಿ ಎಷ್ಟೇ ದೂರ ಹೋದರೂ ನಿಮ್ಮ ನೋಟ 90 ಡಿಗ್ರಿ ದಾಟುವುದಿಲ್ಲ.

ಟ್ಯಾನ್‌ನ ಅತಿ ಸರಳ ಲೆಕ್ಕ ∫[0 ರಿಂದ 1] ಡಿಎಕ್ಸ್/(1 + ಎಕ್ಸ್²). ಥೀಟಾ 0 ಇಂದ ಪೈ/4, ಒಳಗೆಲ್ಲ ಹೊಡೆದುಹೋಗಿ 1 ಉಳಿಯುತ್ತದೆ, ಉತ್ತರ ಪೈ/4. ಇದರಿಂದ ಒಂದು ಸುಂದರ ಸಂಗತಿ ಬರುತ್ತದೆ. ಪೈ ಅಂದರೆ 22/7 ಅಂತ ಶಾಲೆಯಿಂದ ಬರೆಯುತ್ತಿದ್ದೇವೆ. ನಿಜವಾದ ಪೈ ಅದಕ್ಕಿಂತ ಕಡಿಮೆ. ಕೆಳಗಿನದನ್ನು ಭಾಗಿಸಿ ನೋಡಿ:

∫[0 ರಿಂದ 1] ಎಕ್ಸ್⁴ (1 − ಎಕ್ಸ್)⁴ / (1 + ಎಕ್ಸ್²) ಡಿಎಕ್ಸ್

ಭಾಗಾಕಾರ ಮಾಡಿದರೆ ಎಕ್ಸ್⁶ − 4 ಎಕ್ಸ್⁵ + 5 ಎಕ್ಸ್⁴ − 4 ಎಕ್ಸ್² + 4 − 4/(1 + ಎಕ್ಸ್²). ಕೊನೆಯದಕ್ಕೆ ಟ್ಯಾನ್, ಅದು ಪೈ ಕೊಡುತ್ತದೆ. ಉಳಿದವು ಸೇರಿ 22/7. ಒಟ್ಟು ಉತ್ತರ 22/7 − ಪೈ. ಒಳಗಿನ ಫಂಕ್ಷನ್ 0 ಮತ್ತು 1ರ ನಡುವೆ ಎಲ್ಲೂ ಋಣಾತ್ಮಕ ಅಲ್ಲ, ಹಾಗಾಗಿ 22/7 ಪೈಗಿಂತ ಜಾಸ್ತಿ ಇರಲೇಬೇಕು. ಈ ಇಂಟಿಗ್ರಲ್ ಅನ್ನು ಡಾಲ್ಜೆಲ್ 1944ರಲ್ಲಿ ಪ್ರಕಟಿಸಿದರು.

ಸೆಕ್: ಎಡಗಡೆ ಹುಷಾರು

∫[2 ರಿಂದ 4] √(ಎಕ್ಸ್² − 4) / ಎಕ್ಸ್ ಡಿಎಕ್ಸ್

ಎಕ್ಸ್ = 2 ಸೆಕ್ ಥೀಟಾ, ಡಿಎಕ್ಸ್ = 2 ಸೆಕ್ ಥೀಟಾ ಟ್ಯಾನ್ ಥೀಟಾ ಡಿಥೀಟಾ. ಎಕ್ಸ್ 2 ಆದಾಗ ಸೆಕ್ 1, ಥೀಟಾ 0. ಎಕ್ಸ್ 4 ಆದಾಗ ಸೆಕ್ 2, ಅಂದರೆ ಕಾಸ್ 1/2, ಥೀಟಾ ಪೈ/3. ಹೊಸ ಇಂಟಿಗ್ರಲ್ 2 ∫[0 ರಿಂದ ಪೈ/3] ಟ್ಯಾನ್² ಥೀಟಾ ಡಿಥೀಟಾ. ಟ್ಯಾನ್² = ಸೆಕ್² − 1 ಆದ್ದರಿಂದ 2 [ಟ್ಯಾನ್ ಥೀಟಾ − ಥೀಟಾ] = 2√3 − 2 ಪೈ/3. ಸುಮಾರು 1.37.

ಅದೇ ಫಂಕ್ಷನ್ನು, −4 ಇಂದ −2. ಈಗ ಥೀಟಾ 2 ಪೈ/3 ಇಂದ ಪೈ. ಹಿಂದಿನ ಹಾಗೇ 2 ಟ್ಯಾನ್² ಬರೆದುಕೊಂಡು ಹೋದರೆ ಮತ್ತೆ +1.37 ಬರುತ್ತದೆ. ಆದರೆ ಅಲ್ಲಿ ಎಕ್ಸ್ ಋಣಾತ್ಮಕ, ವರ್ಗಮೂಲ ಧನಾತ್ಮಕ. ಇಡೀ ಫಂಕ್ಷನ್ ಋಣಾತ್ಮಕ ಇರುವಾಗ ಉತ್ತರ ಪ್ಲಸ್ ಬರಲು ಸಾಧ್ಯವೇ ಇಲ್ಲ. ತಪ್ಪು ಎಲ್ಲಿ? ಎರಡನೇ ಚತುರ್ಥಕದಲ್ಲಿ ಟ್ಯಾನ್ ಋಣಾತ್ಮಕ, ಹಾಗಾಗಿ √(4 ಟ್ಯಾನ್² ಥೀಟಾ) = −2 ಟ್ಯಾನ್ ಥೀಟಾ. ಆ ಮೈನಸ್ ಹಾಕಿದರೆ −1.37. ಇಂಥ ಲೆಕ್ಕದಲ್ಲಿ ನಾನಂತೂ ಮೊದಲೇ ಎಕ್ಸ್ ಬದಲು −ಎಕ್ಸ್ ಹಾಕಿ ಬಲಗಡೆಗೆ ತಂದುಕೊಂಡುಬಿಡುತ್ತೇನೆ.

ಮಧ್ಯದ ಪದ ಇದ್ದರೆ

ವರ್ಗ ಪೂರ್ಣಗೊಳಿಸಿ, ಅಷ್ಟೇ. ∫[1 ರಿಂದ 3] ಡಿಎಕ್ಸ್/(ಎಕ್ಸ್² − 2 ಎಕ್ಸ್ + 5) ಇದ್ದರೆ ಕೆಳಗಿರುವುದು (ಎಕ್ಸ್ − 1)² + 4. ಎಕ್ಸ್ − 1 = 2 ಟ್ಯಾನ್ ಥೀಟಾ. ಚೌಕದಲ್ಲಿ ಎಕ್ಸ್ ಅಲ್ಲ, ಎಕ್ಸ್ − 1 ಲೆಕ್ಕಕ್ಕೆ ಬರಬೇಕು: 1 ಹಾಕಿದರೆ 0, 3 ಹಾಕಿದರೆ 2. ಥೀಟಾ 0 ಇಂದ ಪೈ/4. ಉತ್ತರ ಪೈ/8.

ವಾಪಸ್ ಬರಲು ದಾರಿಯೇ ಇಲ್ಲದ ಲೆಕ್ಕ

ಇಲ್ಲಿಯವರೆಗಿನ ಎಲ್ಲ ಲೆಕ್ಕಗಳಲ್ಲೂ ಲಿಮಿಟ್ ಬದಲಿಸದೆ, ಕೊನೆಗೆ ಎಕ್ಸ್‌ಗೆ ವಾಪಸ್ ಬಂದರೂ ಉತ್ತರ ಸಿಗುತ್ತಿತ್ತು. ಶ್ರಮ ಜಾಸ್ತಿ, ಅಷ್ಟೇ. ಇದರಲ್ಲಿ ಆ ಆಟ ನಡೆಯುವುದಿಲ್ಲ:

∫[0 ರಿಂದ 1] ಲಾಗ್ (1 + ಎಕ್ಸ್) / (1 + ಎಕ್ಸ್²) ಡಿಎಕ್ಸ್

ಇಲ್ಲಿ ಲಾಗ್ ಅಂದರೆ ಸ್ವಾಭಾವಿಕ ಲಾಗ್. ಇದರ ಅನಿಶ್ಚಿತ ಅನುಕಲವನ್ನು ನಮಗೆ ಪರಿಚಯವಿರುವ ಫಂಕ್ಷನ್‌ಗಳಲ್ಲಿ ಬರೆಯಲು ಆಗುವುದೇ ಇಲ್ಲ. ಆದರೂ ಉತ್ತರ ಬರುತ್ತದೆ. ಎಕ್ಸ್ = ಟ್ಯಾನ್ ಥೀಟಾ ಹಾಕಿ. ಡಿಎಕ್ಸ್‌ನ ಸೆಕ್² ಕೆಳಗಿನ 1 + ಟ್ಯಾನ್² ಜೊತೆ ಹೊಡೆದುಹೋಗುತ್ತದೆ. ಲಿಮಿಟ್ 0 ಇಂದ ಪೈ/4.

ಐ = ∫[0 ರಿಂದ ಪೈ/4] ಲಾಗ್ (1 + ಟ್ಯಾನ್ ಥೀಟಾ) ಡಿಥೀಟಾ

ಈಗ ಥೀಟಾ ಬದಲು ಪೈ/4 − ಥೀಟಾ ಹಾಕಿ. 0 ಇಂದ ಪೈ/4 ವರೆಗಿನ ದಾರಿಯನ್ನು ಆ ತುದಿಯಿಂದ ಈ ತುದಿಗೆ ನಡೆದ ಹಾಗೆ, ಇಂಟಿಗ್ರಲ್ ಬದಲಾಗುವುದಿಲ್ಲ. ಟ್ಯಾನ್ (ಪೈ/4 − ಥೀಟಾ) = (1 − ಟ್ಯಾನ್ ಥೀಟಾ)/(1 + ಟ್ಯಾನ್ ಥೀಟಾ). ಅದಕ್ಕೆ 1 ಕೂಡಿಸಿದರೆ 2/(1 + ಟ್ಯಾನ್ ಥೀಟಾ). ಅದರ ಲಾಗ್ ಅಂದರೆ ಲಾಗ್ 2 − ಲಾಗ್ (1 + ಟ್ಯಾನ್ ಥೀಟಾ). ಹಾಗಾದರೆ:

ಐ = (ಪೈ/4) ಲಾಗ್ 2 − ಐ

2 ಐ = (ಪೈ/4) ಲಾಗ್ 2, ಐ = (ಪೈ/8) ಲಾಗ್ 2. ಸುಮಾರು 0.272.

ಇಂಟಿಗ್ರೇಟ್ ಮಾಡಲೇ ಇಲ್ಲ, ನೋಡಿ. ಕೆಲಸ ಮಾಡಿದ್ದು ಲಿಮಿಟ್. 0 ಮತ್ತು 1 ಅಂತ ಇದ್ದಾಗ ಕಾಣದ ಸಮ್ಮಿತಿ, 0 ಮತ್ತು ಪೈ/4 ಆದ ತಕ್ಷಣ ಎದ್ದು ನಿಂತಿತು. ಆ ಹುಡುಗಿಗೆ ಇದನ್ನು ತೋರಿಸಿದಾಗ ಅವಳು ಒಂದೂ ಮಾತಾಡದೆ ನೋಟ್‌ಬುಕ್ ತಿರುಗಿಸಿ, ಹೊಸ ಪುಟದ ಬಲಗಡೆ ಚೌಕ ಹಾಕಿದಳು.

ಅವಳಿಗೆ ಮನೆಗೆ ಕೊಟ್ಟ ಲೆಕ್ಕ ನಿಮಗೂ ಇರಲಿ: ∫[0 ರಿಂದ 1] √(ಎಕ್ಸ್/(1 − ಎಕ್ಸ್)) ಡಿಎಕ್ಸ್. ಮೇಲಿನ ಮೂರು ರೂಪಗಳಲ್ಲಿ ಇದು ಸೇರುವುದಿಲ್ಲ, ಎಕ್ಸ್ = ಸೈನ್² ಥೀಟಾ ಹಾಕಿ ನೋಡಿ. ಡಿಎಕ್ಸ್ = 2 ಸೈನ್ ಥೀಟಾ ಕಾಸ್ ಥೀಟಾ ಡಿಥೀಟಾ. ಪೈ/2 ಬರಬೇಕು.